ಬಾಗಿಲಿಗಿಂತ ಎತ್ತರದ ಸಣ್ಣಜ್ಜ

ಬಾಗಲಕೋಟೆ ನವನಗರದ ಒಂದು ಫ್ಲೆಕ್ಸ್ ಅಂಗಡಿಯಲ್ಲಿ ನಾನು ಹದಿಮೂರು ವರ್ಷದಿಂದ ಡಿಸೈನರ್. ದಿನಕ್ಕೆ ಏನಿಲ್ಲವೆಂದರೂ ಮೂವತ್ತು ಮುಖ ಕತ್ತರಿಸುತ್ತೇನೆ. ಹುಟ್ಟುಹಬ್ಬ, ಜಾತ್ರೆ, ಗೃಹಪ್ರವೇಶ, ಶ್ರದ್ಧಾಂಜಲಿ, ಎಲ್ಲಕ್ಕೂ ಬ್ಯಾನರ್ ಬೇಕು. ಫೋಟೊಶಾಪ್‌ನಲ್ಲಿ ಪೆನ್ ಟೂಲ್ ಹಿಡಿದು ಕಿವಿ, ಕೂದಲು, ಕಾಲರ್ ಸುತ್ತಿಕೊಂಡು ಬಂದರೆ ಮನುಷ್ಯ ಹಿನ್ನೆಲೆಯಿಂದ ಬಿಡಿಸಿಕೊಂಡು ಬರುತ್ತಾನೆ. ಕತ್ತರಿಸಿದ ಗುರುತು ಕಾಣಬಾರದು, ಅಷ್ಟೇ. ಅಂಚನ್ನು ಮಸುಕು ಮಾಡಲು ಒಂದು ಪಿಕ್ಸೆಲ್ ಫೆದರ್ ಕೊಟ್ಟರೆ ಸಾಕು. ಯಾವತ್ತೂ ಜೊತೆಗೆ ನಿಲ್ಲದವರೂ ಹೆಗಲಿಗೆ ಹೆಗಲು ಹಚ್ಚಿ ನಿಂತಂತೆ ಕಾಣುತ್ತಾರೆ.

ರಾತ್ರಿ ಮನೆಯಲ್ಲೂ ನಾನು ಕತ್ತರಿಸುವ, ಜೋಡಿಸುವ ಕೆಲಸವನ್ನೇ ಮಾಡುತ್ತೇನೆ. ಅಲ್ಲಿ ಕಾಗದ, ಕತ್ತರಿ, ಸೂಜಿ, ದಾರ. ಕೊಲಾಜ್ ಅಂತಾರೆ. ಅಲ್ಲಿ ಮಾತ್ರ ಜೋಡಿಸಿದ ಗುರುತನ್ನು ನಾನು ಮುಚ್ಚುವುದಿಲ್ಲ.

ನಾನು ಗೇ. ಹರೆಯ ಬಂದಾಗಿನಿಂದ ಮೂವತ್ತು ದಾಟುವ ತನಕ ನನ್ನ ಬದುಕಿನ ಅಂಚಿಗೆಲ್ಲ ಫೆದರ್ ಕೊಟ್ಟುಕೊಂಡೇ ಬಂದೆ. ಯಾರ ಜೊತೆ ಎಲ್ಲಿಗೆ ಹೋಗಿದ್ದೆ, ಫೋನಿನಲ್ಲಿ ಯಾರು, ಮದುವೆ ಯಾಕೆ ಬೇಡ, ಎಲ್ಲಕ್ಕೂ ಒಂದು ಮಸುಕು ಉತ್ತರ ಇರುತ್ತಿತ್ತು. ಕೊಲಾಜ್‌ನಲ್ಲಿ ಅದು ಬೇಡ ಅಂತ ಒಂದೇ ದಿನದಲ್ಲಿ ತೀರ್ಮಾನಿಸಲಿಲ್ಲ. ಮೂರು ಚಿತ್ರ ಮಾಡುವ ಹೊತ್ತಿಗೆ ತಾನಾಗಿಯೇ ಅಲ್ಲಿಗೆ ಬಂದೆ. ಆ ಮೂರರ ಬಗ್ಗೆ ಇಲ್ಲಿ ಬರೆಯುತ್ತಿದ್ದೇನೆ. ಒಂದು ಕೆಟ್ಟಿತು. ಒಂದು ಒಬ್ಬ ಗೆಳೆಯನ ಕೈ. ಇನ್ನೊಂದು ನಮ್ಮ ಸಣ್ಣಜ್ಜ.

ಮೊದಲನೆಯದು 2018ರ ಸೆಪ್ಟೆಂಬರ್ 6ರದ್ದು. ಅವತ್ತು ಸುಪ್ರೀಂ ಕೋರ್ಟಿನ ಐವರು ನ್ಯಾಯಮೂರ್ತಿಗಳು 377ನೇ ಸೆಕ್ಷನ್ ಬಗ್ಗೆ ತೀರ್ಪು ಕೊಟ್ಟರು. ವಯಸ್ಸಿಗೆ ಬಂದ ಇಬ್ಬರು, ಇಬ್ಬರೂ ಗಂಡಸರೇ ಆಗಲಿ ಹೆಂಗಸರೇ ಆಗಲಿ, ಒಪ್ಪಿ ಕೂಡಿದರೆ ಅದು ಅಪರಾಧವಲ್ಲ ಅಂದರು. ನಾನು ಅಂಗಡಿಯಲ್ಲಿ ಯಾರದೋ ಹೊಸ ಬಟ್ಟೆ ಅಂಗಡಿಯ ಬ್ಯಾನರ್ ಮಾಡುತ್ತಿದ್ದೆ. ಫೋನಿನಲ್ಲಿ ಸುದ್ದಿ ನೋಡಿದೆ. ಬಚ್ಚಲಿಗೆ ಹೋಗಿ ನಳ ಬಿಟ್ಟುಕೊಂಡು ಅತ್ತೆ. ಮರುದಿನ ಬೆಳಿಗ್ಗೆ ಬಸ್ ಸ್ಟ್ಯಾಂಡಿಗೆ ಹೋಗಿ ಸಿಕ್ಕ ಪತ್ರಿಕೆಗಳನ್ನೆಲ್ಲ ಕೊಂಡೆ. ಒಂದು ಚಾರ್ಟ್ ಶೀಟಿನ ಮೇಲೆ ತಲೆಬರಹಗಳನ್ನು ಅಂಟಿಸಿದೆ. ನಡುವೆ ನನ್ನದೇ ಫೋಟೊಗಳನ್ನು ಉದ್ದಕ್ಕೆ ಪಟ್ಟಿ ಮಾಡಿ ಕತ್ತರಿಸಿ ಹಚ್ಚಿದೆ. ಫೆವಿಕಾಲ್ ಸುರಿದಿದ್ದೆ, ಕೈ ತಡೆಯಲೇ ಇಲ್ಲ.

ಆ ಚಿತ್ರ ಎರಡು ಮಳೆಗಾಲ ಬಾಳಲಿಲ್ಲ. ಫೆವಿಕಾಲ್ ಜಾಸ್ತಿಯಾಗಿ ಹಾಳೆ ಹಪ್ಪಳದ ಹಾಗೆ ಸುರುಳಿಯಾಯಿತು. ಪತ್ರಿಕೆಯ ಕಾಗದವೆಲ್ಲ ಕಂದಿಹೋಯಿತು. ನ್ಯೂಸ್‌ಪ್ರಿಂಟ್ ಅನ್ನು ಕಟ್ಟಿಗೆಯ ತಿರುಳಿನಿಂದ ಅಗ್ಗದಲ್ಲಿ ಮಾಡಿರುತ್ತಾರೆ. ಕಟ್ಟಿಗೆಯಲ್ಲಿರುವ ಲಿಗ್ನಿನ್ ಅದರಲ್ಲಿ ಹಾಗೇ ಉಳಿದಿರುತ್ತದೆ. ಬೆಳಕು, ಗಾಳಿ ತಾಗಿದರೆ ಅದು ಹಳದಿಯಾಗುತ್ತದೆ, ಆಮೇಲೆ ಮುಟ್ಟಿದರೆ ಮುರಿಯುತ್ತದೆ. ಇದು ನನಗೆ ಆಮೇಲೆ ತಿಳಿದದ್ದು. ಈಗ ಪತ್ರಿಕೆಯ ತುಣುಕು ಬೇಕಾದರೆ ಸ್ಕ್ಯಾನ್ ಮಾಡಿ ಒಳ್ಳೆಯ ಕಾಗದದ ಮೇಲೆ ಪ್ರಿಂಟ್ ತೆಗೆದು ಅಂಟಿಸುತ್ತೇನೆ. ಮೂಲವನ್ನು ಮುಟ್ಟುವುದಿಲ್ಲ.

ಕಾಗದ ಚೆನ್ನಾಗಿ ಉಳಿದಿದ್ದರೂ ಆ ಚಿತ್ರ ಅಷ್ಟೇನೂ ಒಳ್ಳೆಯದಾಗಿರಲಿಲ್ಲ. ಅದರಲ್ಲಿ ದೆಹಲಿಯ ಕೋರ್ಟಿತ್ತು, ಬಣ್ಣದ ಬಾವುಟವಿತ್ತು, ನಾನು ಓದಿದ ಸುದ್ದಿ ಇತ್ತು. ಬಾಗಲಕೋಟೆ ಇರಲಿಲ್ಲ. ನಾನು ಯಾರನ್ನು ಪ್ರೀತಿಸಿದ್ದೆ, ಎಲ್ಲಿ ಕೂತಿದ್ದೆ, ಏನು ಉಟ್ಟಿದ್ದೆ, ಒಂದೂ ಇರಲಿಲ್ಲ. ಆದರೂ ಅದನ್ನು ಒಗೆದಿಲ್ಲ. ಸುರುಳಿ ಸುತ್ತಿ ಅಟ್ಟದ ಮೇಲೆ ಇಟ್ಟಿದ್ದೇನೆ.

ಎರಡನೆಯ ಚಿತ್ರಕ್ಕೆ ನನ್ನ ಹತ್ತಿರ ಇದ್ದದ್ದು ಒಂದೇ ಫೋಟೊ. 2006ರಲ್ಲಿ ಬಾದಾಮಿಗೆ ಕಾಲೇಜಿನ ಹುಡುಗರೆಲ್ಲ ಹೋಗಿದ್ದೆವು. ಅಗಸ್ತ್ಯ ತೀರ್ಥದ ಮೆಟ್ಟಿಲ ಮೇಲೆ ನಾನೂ ನನ್ನ ಆ ಗೆಳೆಯನೂ ಕೂತಿದ್ದೇವೆ. ಅವನ ಕೈ ನನ್ನ ಹೆಗಲ ಮೇಲಿದೆ. ಹಿಂದೆ ಭೂತನಾಥ ಗುಡಿ, ನೀರು, ಕೆಂಪು ಬಂಡೆ. ನಮ್ಮ ಕಡೆ ಇಬ್ಬರು ಹುಡುಗರು ಹೆಗಲ ಮೇಲೆ ಕೈ ಹಾಕಿಕೊಂಡು, ಕಿರುಬೆರಳಿಗೆ ಕಿರುಬೆರಳು ಸಿಕ್ಕಿಸಿಕೊಂಡು ಸಂತೆಯಲ್ಲಿ ಓಡಾಡಿದರೂ ಯಾರೂ ಏನೂ ಅನ್ನುವುದಿಲ್ಲ. ದೋಸ್ತರು, ಅಷ್ಟೇ. ಅದೇ ನಮಗೆ ಆಸರೆಯಾಯಿತು. ಅದೇ ಮರೆಯೂ ಆಯಿತು. ಆ ಫೋಟೊವನ್ನು ಅವ್ವ ವರ್ಷಗಟ್ಟಲೆ ಶೋಕೇಸಿನಲ್ಲಿ ಇಟ್ಟಿದ್ದಳು. ಬಂದವರೆಲ್ಲ ನೋಡಿದ್ದಾರೆ. ಯಾರಿಗೂ ಏನೂ ಕಂಡಿರಲಿಲ್ಲ.

ಅವನಿಗೆ ಈಗ ಸಂಸಾರವಿದೆ. 2019ರಲ್ಲಿ ಫೋನ್ ಮಾಡಿದೆ. ಈ ಫೋಟೊ ಇಟ್ಟುಕೊಂಡು ಒಂದು ಚಿತ್ರ ಮಾಡಲಾ ಅಂತ ಕೇಳಿದೆ. ಬಹಳ ಹೊತ್ತು ಮಾತಿಲ್ಲ. ಆಮೇಲೆ ಅಂದ, "ಮುಖ ಬ್ಯಾಡ ದೋಸ್ತ. ಕೈ ಇರಲಿ."

ನೆನಪು ನನ್ನದು, ಆದರೆ ಅದರಲ್ಲಿ ಅರ್ಧ ಅವನದು. ನಮ್ಮಂಥವರ ನೆನಪಿನಲ್ಲಿ ಯಾವಾಗಲೂ ಇನ್ನೊಬ್ಬರ ಗುಟ್ಟು ಇರುತ್ತದೆ. ಅದನ್ನು ಕಲೆ ಅಂದುಕೊಂಡು ಬಯಲಿಗೆ ಎಳೆಯುವುದು ತಪ್ಪು ಅಂತ ನಾನು ಗಟ್ಟಿಯಾಗಿ ನಂಬುತ್ತೇನೆ. ಇದನ್ನು ಬರೆಯುವ ಮೊದಲೂ ಅವನನ್ನು ಕೇಳಿದ್ದೇನೆ.

ಸರಿ, ಕೈ. ಫೋಟೊದಲ್ಲಿ ಆ ಕೈ ನನ್ನ ಹೆಬ್ಬೆರಳ ಉಗುರಿನಷ್ಟೂ ಇಲ್ಲ. 1200 ಡಿಪಿಐನಲ್ಲಿ ಸ್ಕ್ಯಾನ್ ಮಾಡಿ ಎ3 ಅಳತೆಗೆ ಹಿಗ್ಗಿಸಿದೆ. ನಾಲ್ಕು ಬೆರಳು ಬಂದವು. ಹೆಬ್ಬೆರಳು ಹೆಗಲ ಹಿಂದೆ ಮರೆ. ಸ್ಟೀಲ್ ಪಟ್ಟಿಯ ವಾಚು ಸಡಿಲಾಗಿ ಕೈಗಂಟಿನ ಕೆಳಗೆ ಜಾರಿದೆ. ತೋರುಬೆರಳ ಉಗುರನ್ನು ಕಚ್ಚಿಕೊಂಡಿದ್ದಾನೆ, ಅದೂ ಕಾಣುತ್ತದೆ. ಹದಿಮೂರು ವರ್ಷ ಆ ಫೋಟೊ ನೋಡಿದ್ದೆ, ಆ ಉಗುರನ್ನು ನೋಡಿರಲಿಲ್ಲ. ಅವನಿಗೆ ಪರೀಕ್ಷೆ ಹತ್ತಿರ ಬಂದರೆ ಉಗುರು ಕಚ್ಚುವ ಚಾಳಿ ಇತ್ತು. ಅದು ಒಮ್ಮೆಲೇ ನೆನಪಾಯಿತು. ಅದರ ಹಿಂದೆ ಅವನ ರೂಮು, ಅಲ್ಲಿನ ಸ್ಟೋವಿನ ಸೀಮೆಎಣ್ಣೆ ವಾಸನೆ, ಎಲ್ಲ ಬಂತು.

ಕಟರ್ ಹಿಡಿದು ಕೈಯನ್ನು ಬಿಡಿಸಿ ತೆಗೆದೆ. ತೆಗೆದ ಮೇಲೆ ನನ್ನ ನೀಲಿ ಚೌಕಡಿ ಅಂಗಿಯಲ್ಲಿ ಕೈಯಾಕಾರದ ತೂತು ಉಳಿಯಿತು. ಅಂಗಡಿಯಲ್ಲಿ ಹೀಗಾದರೆ ಅಕ್ಕಪಕ್ಕದ ಬಟ್ಟೆಯನ್ನೇ ಕ್ಲೋನ್ ಮಾಡಿ ತುಂಬಿಬಿಡುತ್ತೇವೆ. ಇಲ್ಲಿ ನಾನು ತುಂಬಲಿಲ್ಲ. ಹಾಳೆಯ ಒಂದು ಕಡೆ ಕೈ ಅಂಟಿಸಿದೆ, ಇನ್ನೊಂದು ಕಡೆ ತೂತು ಬಿದ್ದ ಹೆಗಲು. ನಡುವೆ ಒಂದು ಗೇಣು ಬಿಳಿ ಜಾಗ. ಅಷ್ಟೇ ಚಿತ್ರ. ಇದನ್ನು ಮಾಡಿದ ಮೇಲೆ ನನಗೆ ಮೊದಲ ಸಲ ನಾನು ಏನೋ ಮಾಡಿದೆ ಅನ್ನಿಸಿತು.

ಆ ಹೊತ್ತಿಗೆ ಅಂಟಿನ ವಿಷಯದಲ್ಲಿ ಸ್ವಲ್ಪ ಬುದ್ಧಿ ಬಂದಿತ್ತು. ಗೋಡೆಗೆ ಪೋಸ್ಟರ್ ಹಚ್ಚುವವರು ಮಾಡುವ ಮೈದಾ ಅಂಟೇ ನನಗೆ ಸರಿ ಹೊಂದಿತು. ಒಂದು ಚಮಚ ಮೈದಾಕ್ಕೆ ಆರು ಚಮಚ ನೀರು. ಮೊದಲು ತಣ್ಣೀರಿನಲ್ಲಿ ಗಂಟಿಲ್ಲದ ಹಾಗೆ ಕಲಸಬೇಕು. ಆಮೇಲೆ ಸಣ್ಣ ಉರಿಯಲ್ಲಿ ಕೈಬಿಡದೆ ತಿರುವಬೇಕು. ಬಿಳಿ ಬಣ್ಣ ಹೋಗಿ ಗಂಜಿಯಂತೆ ಅರೆಪಾರದರ್ಶಕವಾದಾಗ ಇಳಿಸಿ ಸೋಸಬೇಕು. ಹುಳ ಹಿಡಿಯದಿರಲಿ ಅಂತ ಕೆಲವರು ಮೈಲುತುತ್ತ ಹಾಕುತ್ತಾರೆ. ಅದು ವಿಷ. ಮನೆಯಲ್ಲಿ ಅಡುಗೆಯ ಪಾತ್ರೆಯಲ್ಲಿ ಮಾಡುವ ನಾನು ಹಾಕುವುದಿಲ್ಲ. ಬೇಕಾದಷ್ಟೇ ಮಾಡಿ ಎರಡು ದಿನದಲ್ಲಿ ಮುಗಿಸುತ್ತೇನೆ. ಈ ಅಂಟಿನ ಒಂದು ದೊಡ್ಡ ಗುಣ, ಒದ್ದೆ ಮಾಡಿದರೆ ಬಿಡುತ್ತದೆ. ತಪ್ಪಾದರೆ ತೆಗೆಯಬಹುದು. ಫೆವಿಕಾಲ್ ಒಮ್ಮೆ ಹಿಡಿದರೆ ಮುಗಿಯಿತು.

ಹಾಳೆ ಮಡಚಿಕೊಳ್ಳದಿರಲು ಇನ್ನೊಂದು ಉಪಾಯ ಇದೆ. ಮುಂದೆ ಎಷ್ಟು ಅಂಟಿಸಿದ್ದೀರೋ, ಹಿಂದೆಯೂ ಅಷ್ಟೇ ದಪ್ಪದ ಕಾಗದ ಅಂಟಿಸಿ. ಎರಡೂ ಕಡೆ ಸಮನಾಗಿ ಎಳೆದುಕೊಂಡು ಹಾಳೆ ಸಪಾಟಾಗಿ ನಿಲ್ಲುತ್ತದೆ. ಮೇಲೆ ಒಂದು ರಾತ್ರಿ ಭಾರ ಹೇರಬೇಕು. ನಾನು ಅವ್ವನ ರೊಟ್ಟಿ ಹಂಚು, ಒಳಕಲ್ಲಿನ ಗುಂಡು ಎರಡನ್ನೂ ಹೇರುತ್ತೇನೆ.

ಇದೇ ದಿನಗಳಲ್ಲಿ ರಾತ್ರಿ ಫೋನಿನಲ್ಲಿ ಬೇರೆಯವರ ಚಿತ್ರ ನೋಡುವ ಚಟ ಹತ್ತಿತು. ಇಬ್ಬರು ಬಹಳ ಹಿಡಿಸಿದರು. ಒಬ್ಬರು ಭೂಪೇನ್ ಖಖ್ಖರ್. 1934ರಲ್ಲಿ ಮುಂಬೈಯಲ್ಲಿ ಹುಟ್ಟಿದವರು, ಬರೋಡಾದಲ್ಲಿ ಚಾರ್ಟರ್ಡ್ ಅಕೌಂಟೆಂಟ್ ಕೆಲಸ ಮಾಡಿಕೊಂಡೇ ಚಿತ್ರ ಬರೆದವರು. ಶುರುವಿನಲ್ಲಿ ಅವರು ಮಾಡಿದ್ದು ಕೊಲಾಜ್. ಕ್ಯಾಲೆಂಡರ್ ದೇವರ ಚಿತ್ರಗಳನ್ನು ಕತ್ತರಿಸಿ ಅಂಟಿಸುತ್ತಿದ್ದರು. ಮುಂದೆ 1980ರ ದಶಕದಲ್ಲಿ ಗಂಡಸು ಗಂಡಸನ್ನು ಪ್ರೀತಿಸುವುದನ್ನು ಮುಚ್ಚುಮರೆ ಇಲ್ಲದೆ ದೊಡ್ಡ ದೊಡ್ಡ ಕ್ಯಾನ್‌ವಾಸಿನ ಮೇಲೆ ಬರೆದರು. ಹಗಲು ಲೆಕ್ಕ, ಆಮೇಲೆ ಚಿತ್ರ. ನನಗೆ ಅದು ಬಹಳ ಧೈರ್ಯ ಕೊಟ್ಟಿತು.

ಇನ್ನೊಬ್ಬಾಕೆ ಜರ್ಮನಿಯ ಹನ್ನಾ ಹೋಖ್. ನೂರು ವರ್ಷದ ಹಿಂದೆ ಬರ್ಲಿನ್‌ನಲ್ಲಿ ಪತ್ರಿಕೆಯ ಫೋಟೊಗಳನ್ನು ಕತ್ತರಿಸಿ ಗಂಡಸಿನ ಮೈಗೆ ಹೆಂಗಸಿನ ತಲೆ, ಯಂತ್ರಕ್ಕೆ ಕಾಲು ಜೋಡಿಸಿದವಳು. 1926ರಿಂದ ಕೆಲವು ವರ್ಷ ಡಚ್ ಲೇಖಕಿಯೊಬ್ಬಳ ಜೊತೆ ಬಾಳಿದವಳು. ಅವಳ ಹೊಟ್ಟೆಪಾಡಿನ ಕೆಲಸ ಏನು ಗೊತ್ತಾ? ಒಂದು ಪ್ರಕಾಶನ ಸಂಸ್ಥೆಯಲ್ಲಿ ಕಸೂತಿಗೆ, ಲೇಸಿಗೆ ನಮೂನೆ ಬರೆಯುವುದು. ಅದನ್ನು ಓದಿದಾಗ ನನ್ನ ಕಣ್ಣು ಎದುರಿನ ಮಂಚದ ಮೇಲಿದ್ದ ಕೌದಿಯ ಕಡೆ ಹೋಯಿತು. ಆ ಹೊತ್ತಿನಲ್ಲಿ ಅದರೊಳಗೆ ಏನಿದೆ ಅಂತ ನನಗೆ ಗೊತ್ತಿರಲಿಲ್ಲ.

ಅವ್ವನಿಗೆ ನಾನು ಬಾಯಿಬಿಟ್ಟು ಹೇಳಿದ್ದು 2021ರ ಬೇಸಿಗೆಯಲ್ಲಿ, ಎರಡನೆಯ ಲಾಕ್‌ಡೌನ್ ಇದ್ದಾಗ. ಕ್ವೀರ್, ಸಲಿಂಗಿ, ಈ ಮಾತೆಲ್ಲ ಅವಳ ಹತ್ತಿರ ನಡೆಯುವುದಿಲ್ಲ. "ಅವ್ವಾ, ನನ್ನ ಮನಸು ಹೆಣ್ಣಿನ ಕಡೆ ಇಲ್ಲ. ಗಂಡಸರ ಕಡೆ ಐತಿ. ಹುಟ್ಟಿದಾಗಿಂದ ಹಂಗs ಐತಿ," ಅಂದೆ. ಅವಳು ಅಕ್ಕಿ ಆರಿಸುತ್ತಿದ್ದಳು. ಆರಿಸುತ್ತಲೇ ಇದ್ದಳು. "ಊಟಾ ಮಾಡು," ಅಂದಳು. ಆರು ತಿಂಗಳು ಆ ವಿಷಯ ಮತ್ತೆ ಬರಲಿಲ್ಲ.

ನವೆಂಬರ್‌ನಲ್ಲಿ ಮಂಜಮ್ಮ ಜೋಗತಿಯವರಿಗೆ ಪದ್ಮಶ್ರೀ ಕೊಟ್ಟದ್ದನ್ನು ಟಿವಿಯಲ್ಲಿ ತೋರಿಸಿದರು. ನಮ್ಮ ಜಾನಪದ ಅಕಾಡೆಮಿಯ ಅಧ್ಯಕ್ಷರಾಗಿದ್ದವರು, ಗಂಡಾಗಿ ಹುಟ್ಟಿ, ಎಲ್ಲವ್ವ ದೇವಿಗೆ ಮುಡಿಪಾಗಿ ಮುತ್ತು ಕಟ್ಟಿಸಿಕೊಂಡು ಸೀರೆ ಉಟ್ಟವರು. ಪ್ರಶಸ್ತಿ ತಗೊಳ್ಳುವ ಮೊದಲು ಅವರು ಸೆರಗು ಹಿಡಿದು ರಾಷ್ಟ್ರಪತಿಗೆ ದೃಷ್ಟಿ ತೆಗೆದರಲ್ಲ, ಆಗ ಅವ್ವ ತಟ್ಟನೆ ಅಂದಳು, "ನಮ್ಮ ಸಣ್ಣ ಮಾವನೂ ಹಿಂಗs ಸೆರಗು ಹಿಡೀತಿದ್ದ."

ಯಾವ ಸಣ್ಣ ಮಾವ? ನಮ್ಮ ಅಜ್ಜನಿಗೆ ತಮ್ಮ ಇದ್ದ ಅನ್ನುವುದೇ ನನಗೆ ಗೊತ್ತಿರಲಿಲ್ಲ.

ಅವ್ವ ಎದ್ದು ಹೋಗಿ ಅಜ್ಜಿ ಹೊಲಿದ ಕೌದಿ ತಂದಳು. ಅಂಚಿನಲ್ಲಿ ಒಂದು ಕಡೆ ಹರಿದು ಒಳಗಿನ ಪದರು ಕಾಣುತ್ತಿತ್ತು. ಕೌದಿ ಅಂದರೆ ಹಳೆಯ ಸೀರೆ, ಧೋತರ, ಅಂಗಿಯ ತುಂಡುಗಳನ್ನು ಪದರು ಪದರಾಗಿ ಹಾಸಿ ಕೈಯಲ್ಲಿ ಹೊಲಿದ ಹೊದಿಕೆ. ಮೇಲಿನ ಪದರಿಗೆ ಚಂದದ ತುಂಡು, ಒಳಗಿನ ಪದರಿಗೆ ಯಾವುದಾದರೂ ನಡೆಯುತ್ತದೆ. ಹರಿದ ಜಾಗದಲ್ಲಿ ಅವ್ವ ಬೆರಳಿಟ್ಟಳು. ಕೆಂಪು ರೇಷ್ಮೆ, ಅದರ ಮೇಲೆ ಬಿಳಿ ಹಲ್ಲಿನಂಥ ತೆನೆ. ಇಳಕಲ್ ಸೀರೆಯ ಟೋಪ್ ತೆನಿ ಸೆರಗು.

"ಇದು ಅವಂದು," ಅಂದಳು.

ಆಮೇಲೆ ಒಂದೊಂದಾಗಿ ಹೇಳಿದಳು. ಸಣ್ಣಜ್ಜನಿಗೆ ಹದಿನೆಂಟೋ ಇಪ್ಪತ್ತೋ ಆದಾಗ ಮೈಮೇಲೆ ಎಲ್ಲವ್ವ ಬಂದಳಂತೆ. ಸವದತ್ತಿಯ ಎಲ್ಲವ್ವನ ಗುಡ್ಡಕ್ಕೆ ಹೋಗಿ ಮುತ್ತು ಕಟ್ಟಿಸಿಕೊಂಡು ಸೀರೆ ಉಟ್ಟು ಜೋಗಪ್ಪನಾದ. ಅಜ್ಜ ಮನೆಯೊಳಗೆ ಸೇರಿಸಲಿಲ್ಲ. ವರ್ಷಕ್ಕೊಮ್ಮೆ ತಲೆಯ ಮೇಲೆ ಜಗ, ಅಂದರೆ ದೇವಿಯನ್ನು ಕೂರಿಸಿದ ಬುಟ್ಟಿ, ಹೊತ್ತು ಬಾಗಲಕೋಟೆಗೆ ಬರುತ್ತಿದ್ದ. ಹೊಸ್ತಿಲ ಹೊರಗೆ ನಿಂತು ಉಧೋ ಅನ್ನುತ್ತಿದ್ದ. ಅಜ್ಜಿ ಜೋಳ ನೀಡುತ್ತಿದ್ದಳು. ನಾನು ಹುಟ್ಟುವ ಮೊದಲೇ ತೀರಿಕೊಂಡ. ಗುಡ್ಡದಿಂದ ಯಾರೋ ಬಂದು ಒಂದು ಸೀರೆ ಕೊಟ್ಟು ಹೋದರು. ಅದನ್ನು ಅಜ್ಜಿ ಉಡುವಂತಿಲ್ಲ, ಒಗೆಯಲು ಮನಸ್ಸಿಲ್ಲ. ಕೌದಿಯ ನಡುವಿನ ಪದರಿಗೆ ಹಾಕಿ ಹೊಲಿದುಬಿಟ್ಟಳು. ಅಜ್ಜ ಸಾಯುವ ತನಕ ಆ ಕೌದಿಯನ್ನೇ ಹೊದ್ದು ಮಲಗಿದ. ಅವನಿಗೆ ಗೊತ್ತಿರಲಿಲ್ಲ.

"ಅವ ಅಂತೀಯಲ್ಲ, ಅಕಿ ಅನ್ನಬೇಕೇನವ್ವಾ?" ಅಂತ ಕೇಳಿದೆ.

"ಮನ್ಯಾಗಿದ್ದಾಗ ಅವ. ಗುಡ್ಡಕ್ಕ ಹೋದಮ್ಯಾಲ ಅಕಿ. ನಾ ಎರಡೂ ಅಂತೀನಿ," ಅಂದಳು.

ನಾನೂ ಎರಡನ್ನೂ ಅನ್ನುತ್ತೇನೆ. ಇಲ್ಲಿ ಒಂದು ಮಾತು ಸ್ಪಷ್ಟ ಮಾಡಬೇಕು. ಸಣ್ಣಜ್ಜ ನನ್ನ ಹಾಗೆ ಗೇ ಆಗಿದ್ದ ಅಂತ ನಾನು ಹೇಳುವುದಿಲ್ಲ. ಜೋಗಪ್ಪನ ಬದುಕು ದೇವಿಯ ಜೊತೆಗಿನ ಕಟ್ಟು. ಅದಕ್ಕೆ ಅದರದೇ ನೇಮ, ಅದರದೇ ಕಷ್ಟ. ನಾನು ಸೀರೆ ಉಡುವವನಲ್ಲ, ಅಂಗಿ ಪ್ಯಾಂಟಿನಲ್ಲೇ ಹಾಯಾಗಿರುವವನು. ಇಬ್ಬರೂ ಒಂದೇ ಮನೆಯ ಹೊಸ್ತಿಲಿನಲ್ಲಿ ತಡೆದು ನಿಂತವರು ಅನ್ನುವುದಷ್ಟೇ ನನಗೆ ಗೊತ್ತು. ಚಿತ್ರ ಮಾಡುವಾಗ ಈ ಅಂತರವನ್ನು ಮರೆಯಬಾರದು ಅಂತ ಗೋಡೆಗೆ ಒಂದು ಚೀಟಿ ಹಚ್ಚಿಕೊಂಡಿದ್ದೆ.

ಸಣ್ಣಜ್ಜನ ಒಂದೂ ಫೋಟೊ ಇಲ್ಲ. ಇದ್ದರೂ ಮುಳುಗಡೆಯಲ್ಲಿ ಹೋಗಿರಬೇಕು. ಆಲಮಟ್ಟಿ ಅಣೆಕಟ್ಟೆಗೆ 1964ರಲ್ಲಿ ಲಾಲ್ ಬಹಾದ್ದೂರ್ ಶಾಸ್ತ್ರಿಯವರು ಅಡಿಗಲ್ಲು ಹಾಕಿದರು. ಹಿನ್ನೀರು ಘಟಪ್ರಭೆಯಲ್ಲಿ ಮೇಲಕ್ಕೆ ಏರಿ ನಮ್ಮ ಹಳೆಯ ಊರಿಗೆ ಬರುವ ಹೊತ್ತಿಗೆ ನಾನು ಹೈಸ್ಕೂಲಿನಲ್ಲಿದ್ದೆ. ಬಾಗಿಲು, ತೊಲೆ, ಪಾತ್ರೆ, ಎಮ್ಮೆ, ಎಲ್ಲ ಟ್ರ್ಯಾಕ್ಟರಿನಲ್ಲಿ ಹೇರಿಕೊಂಡು ನವನಗರದ ಸೆಕ್ಟರಿಗೆ ಬಂದೆವು. ಆ ಗದ್ದಲದಲ್ಲಿ ಫೋಟೊದ ಚೀಲವೇ ಕಾಣೆಯಾಯಿತು.

ಫೋಟೊ ಇಲ್ಲದ ಮನುಷ್ಯನನ್ನು ಕೊಲಾಜ್‌ನಲ್ಲಿ ತರುವುದು ಹೇಗೆ? ಎಂಟು ತಿಂಗಳು ಸುಮ್ನೆ ಕೂತೆ. ದಾರಿ ತೋರಿಸಿದ್ದು ಒಂದು ಸರ್ಕಾರಿ ಕಾಗದ.

ಅಪ್ಪನ ಟ್ರಂಕಿನಲ್ಲಿ ಹಳೆಯ ಮನೆಯ ಪರಿಹಾರದ ಲೆಕ್ಕ ಇತ್ತು. ಗೋಡೆ ಎಷ್ಟು, ತೊಲೆ ಎಷ್ಟು, ಕಿಟಕಿ ಎಷ್ಟು, ಎಲ್ಲ ಅಳೆದು ಬರೆದಿದ್ದಾರೆ. ತಲಬಾಗಿಲು, ಸಾಗವಾನಿ, ಎತ್ತರ ಐದು ಅಡಿ ನಾಲ್ಕು ಇಂಚು. ಅದನ್ನು ಅವ್ವನಿಗೆ ಓದಿ ಹೇಳುತ್ತಿದ್ದೆ. ಅವ್ವ ಅಂದಳು, "ಆ ಬಾಗಲಾ ಗಿಡ್ಡಿತ್ತು. ಸಣ್ಣ ಮಾವ ಬಂದು ನಿಂತ್ರ ಹುಬ್ಬು ಮ್ಯಾಲಿನ ಪಟ್ಟಿಗಿ ಸಮಾ ಬರ್ತಿತ್ತು. ನನಗ ಹಣಿ ಕಾಣತಿದ್ದಿಲ್ಲ, ಕಣ್ಣು ಕಾಣತಿತ್ತು. ಬಗ್ಗಿ ನನ್ನ ಮಾರಿ ನೋಡಿ ನಗ್ತಿದ್ದ."

ನಾನು ಎದ್ದು ಪಟ್ಟಿ ತಂದೆ. ನನ್ನದೇ ಹುಬ್ಬಿನಿಂದ ನೆತ್ತಿಯ ತನಕ ಅಳೆದೆ. ನಾಲ್ಕೂವರೆ ಇಂಚು. ಐದು ಅಡಿ ನಾಲ್ಕು ಇಂಚಿಗೆ ಅದನ್ನು ಕೂಡಿಸಿದೆ. ಐದು ಅಡಿ ಎಂಟೂವರೆ ಇಂಚು. ನನ್ನ ಕೈ ನಡುಗುತ್ತಿತ್ತು. ಹೆಸರು, ಒಂದು ಸೀರೆ ಬಿಟ್ಟರೆ ಏನೂ ಉಳಿಯದ ಮನುಷ್ಯನಿಗೆ ಒಂದು ಎತ್ತರ ಸಿಕ್ಕಿತ್ತು. ಮನೆ ಮುಳುಗಿಸಲು ಬರೆದ ಕಾಗದದಿಂದಲೇ ಸಿಕ್ಕಿತ್ತು.

ಹಾಗಾಗಿ ಚಿತ್ರವನ್ನು ಆಳೆತ್ತರಕ್ಕೆ ಮಾಡಿದೆ. ಅಂಗಡಿಯಲ್ಲಿ ಮೂರು ಅಡಿ ಅಗಲದ ಕಾಗದದ ರೋಲು ಸಿಗುತ್ತದೆ. ಎರಡು ಪದರು ಅಂಟಿಸಿ ನೆಲ ಮಾಡಿಕೊಂಡೆ. ಅದರ ಮೇಲೆ ಪರಿಹಾರದ ಕಾಗದದ ಝೆರಾಕ್ಸುಗಳನ್ನು ಹರಿದು ಹರಿದು ಹಚ್ಚಿ ಬಾಗಿಲಿನ ಚೌಕಟ್ಟು ಕಟ್ಟಿದೆ. ಅಂಕಿಗಳು ಅಲ್ಲಲ್ಲಿ ಕಾಣುತ್ತವೆ.

ಇನ್ನು ಸೀರೆ. ಕೌದಿಗೆ ಕತ್ತರಿ ಹಾಕುವ ಮಾತೇ ಇಲ್ಲ. ಕೌದಿಯನ್ನೇ ಸ್ಕ್ಯಾನರಿನ ಮೇಲೆ ಹೇರಿದೆ. ಅಂಗಡಿಯ ಹೊಸ ತೆಳು ಸ್ಕ್ಯಾನರಿನಲ್ಲಿ ಎಲ್ಲ ಮಸುಕು ಬಂತು. ಅದರಲ್ಲಿರುವುದು ಸಿಐಎಸ್ ಸೆನ್ಸರ್. ಗಾಜಿಗೆ ಒತ್ತಿ ಕೂತದ್ದನ್ನಷ್ಟೇ ಚೊಕ್ಕ ಹಿಡಿಯುತ್ತದೆ. ಒಂದು ಎಳೆ ಮೇಲೆದ್ದರೂ ಮಬ್ಬು. ಮೂಲೆಯಲ್ಲಿ ಧೂಳು ತಿನ್ನುತ್ತ ಬಿದ್ದಿದ್ದ ಹಳೆಯ ದಪ್ಪ ಸ್ಕ್ಯಾನರ್ ಸಿಸಿಡಿಯದು. ಅದಕ್ಕೆ ಸ್ವಲ್ಪ ಆಳವೂ ಕಾಣುತ್ತದೆ. ಮುಚ್ಚಳ ಬಿಚ್ಚಿ, ಕೌದಿಯ ಹರಿದ ಅಂಚನ್ನು ಗಾಜಿನ ಮೇಲಿಟ್ಟು, ಮೇಲೆ ಕಪ್ಪು ಬಟ್ಟೆ ಹೊದಿಸಿ 600 ಡಿಪಿಐನಲ್ಲಿ ತೆಗೆದೆ.

ಪರದೆಯ ಮೇಲೆ ದೊಡ್ಡದು ಮಾಡಿ ನೋಡಿದಾಗ ಒಂದು ಸಣ್ಣ ಏಣು ಕಂಡಿತು. ಇಳಕಲ್ ಸೀರೆಯ ಒಡಲು ಹತ್ತಿ, ಸೆರಗು ರೇಷ್ಮೆ. ಎರಡನ್ನೂ ನೇಯುವ ಮೊದಲು ಒಡಲಿನ ಹಾಸಿಗೂ, ಅಂದರೆ ಉದ್ದದ ಎಳೆಗಳಿಗೂ, ಸೆರಗಿನ ಹಾಸಿಗೂ ಎಳೆ ಎಳೆಗೆ ಕೊಂಡಿ ಹಾಕಿ ಜೋಡಿಸುತ್ತಾರೆ. ಆ ಕೊಂಡಿಯ ಸಾಲೇ ಅಲ್ಲಿತ್ತು. ಒಂದೊಂದು ಹತ್ತಿಯ ಎಳೆ ಒಂದೊಂದು ರೇಷ್ಮೆಯ ಎಳೆಯ ಕೊರಳಿಗೆ ಕೈಹಾಕಿ ಹಿಡಿದಂತೆ. ಹಿಡಿದ ಜಾಗ ಕಾಣುತ್ತದೆ. ಯಾರೂ ಅದನ್ನು ಮುಚ್ಚಲು ಹೋಗಿಲ್ಲ. ಕಂಡರೇ ಅದು ಇಳಕಲ್ ಸೀರೆ.

ಕೌದಿಯ ಹರಕಿನಲ್ಲಿ ಕಂಡದ್ದು ಎಂಟು ಇಂಚಿನ ಸೆರಗು, ಅಷ್ಟೇ. ಒಂದು ಆಳಿಗೆ ಸಾಲದು. ಅದೇ ತುಂಡನ್ನು ಅರವತ್ತು ಸಲ ಪ್ರಿಂಟ್ ತೆಗೆಸಿದೆ. ಮ್ಯಾಟ್ ಕಾಗದದ ಮೇಲೆ, ಪಿಗ್ಮೆಂಟ್ ಇಂಕಿನಲ್ಲಿ. ನಮ್ಮ ಅಂಗಡಿಯಲ್ಲಿ ಅಂಥ ಪ್ರಿಂಟರ್ ಇಲ್ಲ, ಹುಬ್ಬಳ್ಳಿಗೆ ಹೋಗಿ ತಂದೆ. ಡೈ ಇಂಕು ಬೇಗ ಮಾಸುತ್ತದೆ, ಪಿಗ್ಮೆಂಟ್ ಬಾಳಿಕೆ ಬರುತ್ತದೆ. ದುಡ್ಡು ಜಾಸ್ತಿ, ಆದರೆ ಈ ಚಿತ್ರಕ್ಕೆ ಜಿಪುಣತನ ಬೇಡ ಅನ್ನಿಸಿತು.

ಆ ತುಂಡುಗಳನ್ನು ಅಂಟಿಸಲಿಲ್ಲ, ಹೊಲಿದೆ. ಅಜ್ಜಿ ಕೌದಿಯನ್ನು ಅಂಚಿನಿಂದ ಶುರು ಮಾಡಿ ಸುತ್ತ ಸುತ್ತ ಹೊಲಿಯುತ್ತ ನಡುವಿಗೆ ಬರುತ್ತಿದ್ದಳು. ನಾನೂ ಹಾಗೇ ಮಾಡಿದೆ. ಕಾಗದವನ್ನು ಬಟ್ಟೆಯಂತೆ ಹೊಲಿದರೆ ಅಂಚೆಚೀಟಿಯ ಹಾಗೆ ತೂತಿನ ಸಾಲಿನಲ್ಲೇ ಹರಿಯುತ್ತದೆ. ಮೊದಲ ನಾಲ್ಕು ತುಂಡು ಹಾಗೇ ಹಾಳಾದವು. ಆಮೇಲೆ ತೂತುಗಳ ನಡುವೆ ಅರ್ಧ ಸೆಂಟಿಮೀಟರಿಗಿಂತ ಜಾಸ್ತಿ ಜಾಗ ಬಿಟ್ಟೆ. ದಬ್ಬಣದಿಂದ ಮೊದಲೇ ತೂತು ಹಾಕಿಕೊಂಡೆ. ಹತ್ತಿ ದಾರಕ್ಕೆ ಮೇಣ ಸವರಿ, ಜಗ್ಗದೆ ಮೆಲ್ಲಗೆ ಎಳೆದೆ. ದಿನಕ್ಕೆ ಎರಡು ತುಂಡು. ಬೆರಳ ತುದಿ ಮರಗಟ್ಟುತ್ತಿತ್ತು. ಅಜ್ಜಿಯ ಬೆರಳು ಯಾಕೆ ಹಾಗಿದ್ದವು ಅಂತ ಆಗ ಗೊತ್ತಾಯಿತು.

ಮುಖಕ್ಕೆ ಬಂದಾಗ ತಪ್ಪು ಮಾಡಿದೆ. ನನ್ನದೇ ಮುಖದ ಕಪ್ಪು ಬಿಳುಪು ಫೋಟೊ ಹಚ್ಚಿದೆ. ಎರಡು ದಿನ ನೋಡಿದೆ. ಹೊಟ್ಟೆಯೊಳಗೆ ಏನೋ ಚುಚ್ಚುತ್ತಿತ್ತು. ಅದು ಅವಳ ಜಾಗ. ಅಲ್ಲಿ ನಾನು ಹೋಗಿ ನಿಂತಿದ್ದೆ. ಒದ್ದೆ ಬಟ್ಟೆ ಇಟ್ಟು ನೆನೆಸಿ ಮೆಲ್ಲಗೆ ಕಿತ್ತೆ. ಮೈದಾ ಅಂಟಿಗೆ ಅವತ್ತು ಕೈ ಮುಗಿದೆ.

ಭಾರತ ಹುಣ್ಣಿಮೆಗೆ ಸವದತ್ತಿಗೆ ಹೋದೆ. ಗುಡ್ಡದ ತುಂಬ ಜನ, ಬಂಡಿ, ಭಂಡಾರದ ಅರಿಶಿನ. ಮೆಟ್ಟಿಲ ಬದಿಗೆ ಚೌಡಿಕೆ ವಾದ್ಯ ಹಿಡಿದು ಕೂತಿದ್ದ ಹಿರಿಯ ಜೋಗಪ್ಪನೊಬ್ಬರ ಹತ್ತಿರ ಕೂತೆ. ಸಣ್ಣಜ್ಜನ ಊರು, ಮನೆತನ ಹೇಳಿದೆ. "ಇಲ್ಲಿಗಿ ಬಂದಮ್ಯಾಲ ಹೆಸರು ಬದಲಿ ಆಗಿರತೈತಿ ಮಗನ. ಹುಡುಕಿದ್ರ ಸಿಗೂದಿಲ್ಲ," ಅಂದರು. ನನ್ನ ವಿಷಯವನ್ನೂ ಹೇಳಿದೆ, ಯಾಕೋ ಹೇಳಬೇಕು ಅನ್ನಿಸಿತು. ಅವರು ನನ್ನ ತಲೆಯ ಮೇಲೆ ಕೈಯಿಟ್ಟು, ಕಾಗದದಲ್ಲಿ ಒಂದು ಹಿಡಿ ಭಂಡಾರ ಕಟ್ಟಿಕೊಟ್ಟರು.

ಮುಖದ ಜಾಗಕ್ಕೆ ಆ ಭಂಡಾರವನ್ನೇ ತೇಯ್ದು ಬೆರಳಿನಿಂದ ಹಚ್ಚಿದೆ. ಹಣೆಯ ಮೇಲೆ ಸುಣ್ಣದ ತಿಳಿನೀರು ಒಂದು ಹನಿ ಮುಟ್ಟಿಸಿದೆ. ಅರಿಶಿನಕ್ಕೆ ಸುಣ್ಣ ತಾಗಿದರೆ ಕೆಂಪಾಗುತ್ತದೆ, ಎಲ್ಲರ ಮನೆಯಲ್ಲೂ ಗೊತ್ತಿರುವುದೇ. ಹಳದಿ ಮುಖ, ಕೆಂಪು ಬೊಟ್ಟು. ಬಣ್ಣದ ಅಂಗಡಿಯ ಬಣ್ಣವಾದರೆ ಉಳಿಯುತ್ತಿತ್ತು. ಅರಿಶಿನ ಬೆಳಕಿಗೆ ಮಾಸುತ್ತದೆ. ಬೊಟ್ಟಿನ ಕೆಂಪಂತೂ ಇನ್ನೂ ಬೇಗ ಇಳಿಯಿತು. ಅದಕ್ಕೆ ವರ್ಷಕ್ಕೊಮ್ಮೆ, ಭಾರತ ಹುಣ್ಣಿಮೆಯ ದಿನ, ಮತ್ತೆ ಹಚ್ಚುತ್ತೇನೆ. ಅವಳು ವರ್ಷಕ್ಕೊಮ್ಮೆ ಮನೆಗೆ ಬರುತ್ತಿದ್ದಳಲ್ವಾ.

ಈ ಚಿತ್ರಗಳನ್ನು ತೋರಿಸಲು ಒಂದು ಊರಿನಲ್ಲಿ ಹಾಲ್ ಕೇಳಿದ್ದೆ. ವಿಷಯ ತಿಳಿದ ಮೇಲೆ ಅವತ್ತು ಬೇರೆ ಕಾರ್ಯಕ್ರಮ ಇದೆ ಅಂದರು. ಬಹಳ ನೊಂದೆ. ಕೊನೆಗೆ ಒಬ್ಬ ಗೆಳತಿಯ ಮನೆಯ ಮಾಳಿಗೆಯ ಮೇಲಿನ ಕೋಣೆಯಲ್ಲಿ ಒಂದು ಭಾನುವಾರ ತೂಗುಹಾಕಿದೆವು. ನಲವತ್ತು ಜನ ಬಂದಿರಬಹುದು. ಒಬ್ಬ ಹುಡುಗ ಗೆಳೆಯನ ಕೈಯ ಚಿತ್ರದ ಮುಂದೆ ಒಂದು ತಾಸು ನಿಂತಿದ್ದ. ನಾನು ಮಾತಾಡಿಸಲಿಲ್ಲ. ಹೋಗುವಾಗ ನನ್ನ ಹೆಗಲು ಮುಟ್ಟಿ ಹೋದ.

ಅವ್ವ ಅಲ್ಲಿಗೆ ಬರಲಿಲ್ಲ, ಮೊಣಕಾಲು ನೋವು. ಸಂಜೆ ಚಿತ್ರಗಳನ್ನು ವಾಪಸ್ ತಂದು ಸಣ್ಣಜ್ಜನದನ್ನು ನಡುಮನೆಯ ಗೋಡೆಗೆ ಆನಿಸಿ ನಿಲ್ಲಿಸಿದೆ. ಅಲ್ಲಿಯ ತನಕ ಅವಳು ಅದನ್ನು ತುಂಡು ತುಂಡಾಗಿ ನೋಡಿದ್ದಳು, ಇಡಿಯಾಗಿ ನೋಡಿರಲಿಲ್ಲ. ಹತ್ತಿರ ಬಂದಳು. ತಲೆ ಎತ್ತಿ ಬೊಟ್ಟು ನೋಡಿದಳು. ಎತ್ತರ ನೋಡಿದಳು. "ಇಷ್ಟs ಇದ್ದ," ಅಂದಳು. ಹೊಲಿಗೆಯ ಮೇಲೆ ಕೈಯಾಡಿಸಿದಳು. ಆಮೇಲೆ ಹುಬ್ಬು ಗಂಟಿಕ್ಕಿದಳು.

"ಎಲ್ಲಾ ಚಂದ ಐತಿ. ಕುಬಸ ಎಲ್ಲಿ? ಕುಬಸ ಇಲ್ಲದ ಸೀರಿ ಹೆಂಗ ಉಡತಾಳೋ?"

ಕುಬಸದ ನೆನಪೇ ನನಗಿರಲಿಲ್ಲ. ಹೆಗಲಿನ ಮೇಲೆ ಬರೀ ಕಾಗದವಿತ್ತು. ಅವ್ವ ಒಳಗೆ ಹೋದಳು. ಟ್ರಂಕಿನ ಚಿಲಕದ ಸಪ್ಪಳ ಕೇಳಿತು. ಗುಳೇದಗುಡ್ಡದ ಒಂದು ಹೊಸ ಖಣ ಹಿಡಿದುಕೊಂಡು ಬಂದಳು. ಮದುವೆಯಲ್ಲೋ ಸೀಮಂತದಲ್ಲೋ ಉಡಿ ತುಂಬುವಾಗ ಬಂದದ್ದು. ಹಸಿರು ಮೈ, ಕೆಂಪು ದಡಿ, ಮೈತುಂಬ ಸಣ್ಣ ಸಣ್ಣ ತೇರು. ಅಂಗಡಿಯವರು ಮಡಚಿದ ಮೂರು ಮೂಲೆಯ ಮಡಿಕೆ ಇನ್ನೂ ಬಿಚ್ಚಿರಲಿಲ್ಲ.

ನಾನು ಕತ್ತರಿ ತಗೊಂಡೆ. "ಕತ್ತರಸಬ್ಯಾಡ," ಅಂದಳು. "ಹಿಂಗs ಮಡಚಿದ್ದು ಮಡಚಿದಂಗ ಹಚ್ಚು. ಬೇಕಾದ್ರ ಅಕಿನ ಹೊಲಿಸಿಕೊಳ್ಳತಾಳ."

ಸೂಜಿಗೆ ದಾರ ಪೋಣಿಸಲು ಅವಳಿಗೆ ಕಣ್ಣು ಸಾಲದು. ನಾನು ಪೋಣಿಸಿ ಕೊಟ್ಟೆ. ನಾಲ್ಕೇ ಹೊಲಿಗೆ ಹಾಕಿದಳು, ಉದ್ದುದ್ದ, ಕೆಂಪು ದಾರದಲ್ಲಿ.